ಮೂರನೇ ಕೂಗು

ಅಂಕಮ್ಮನಿಗೆ ಒಬ್ಬ ಅಣ್ಣನಿದ್ದಾನೆ, ಕೆಂಚ. ಅವನಿಗಿನ್ನೂ ಮೂರು ವರ್ಷ. ಅಂಕಮ್ಮನಿಗೆ ಮೂವತ್ತು ದಾಟಿದೆ, ಅವಳ ಮಗಳೇ ಕಂದಿಕೆರೆ ಸ್ಕೂಲಿಗೆ ಹೋಗುತ್ತಾಳೆ. ಹೊರಗಿನವರಿಗೆ ಇದನ್ನು ಹೇಳಿದರೆ ತಲೆ ಕೆಟ್ಟಿದೆ ಅನ್ನುತ್ತಾರೆ. ಅನ್ನಲಿ ಬಿಡಿ. ಬಂದು ತೂಕಡಿಕೆ ತೋಟದ ಬೇಲಿ ಹತ್ತಿರ ಒಂದು ಗಳಿಗೆ ನಿಂತು ನೋಡಲಿ, ಆಮೇಲೆ ಮಾತಾಡಲಿ.

ತೋಟ ಇರುವುದು ಗುಡ್ಡದ ಬುಡದಲ್ಲಿ. ಸುತ್ತ ಕತ್ತಾಳೆ ಬೇಲಿ, ಒಳಗೆ ಹಳೇ ತೆಂಗಿನ ಮರಗಳು. ಎಂಥ ಗಾಳಿ ಬೀಸಲಿ, ಒಂದು ಗರಿ ಅಲ್ಲಾಡುವುದಿಲ್ಲ. ಕಳಚಿಕೊಂಡ ಒಂದು ಕಾಯಿ ಮರಕ್ಕೂ ನೆಲಕ್ಕೂ ನಡುವೆ ನಿಂತಿದೆ. ಅಂಕಮ್ಮ ಹುಟ್ಟಿದಾಗ ಅದು ಗೊನೆಯ ಪಕ್ಕದಲ್ಲೇ ಇತ್ತಂತೆ, ಈಗ ಆಳೆತ್ತರಕ್ಕೆ ಇಳಿದಿದೆ. ಹೊರಗೆ ವರ್ಷಗಟ್ಟಲೆ ಕಳೆದರೆ ಒಳಗೆ ಒಂದು ಉಸಿರು. ಬೇಲಿ ದಾಟಿದ್ದು ಮನುಷ್ಯನಾಗಲಿ, ಮಾತಾಗಲಿ, ಆ ತೋಟದ ನಿಧಾನಕ್ಕೇ ಬೀಳುತ್ತದೆ. ಯಾರದ್ದೋ ಆಡು ಬೇಲಿಗೆ ಕತ್ತು ತೂರಿಸಿತ್ತು. ಅದರ ಮೈ ಹೊರಗೆ ಕೊಳೆತು ಮಣ್ಣಾಗಿ ಹೋಯಿತು, ತಲೆ ಮಾತ್ರ ಇವತ್ತಿಗೂ ಒಳಗೆ ಸೊಪ್ಪಿಗೆ ಬಾಯಿ ಹಾಕುತ್ತಲೇ ಇದೆ.

ಇಂಥ ಹಾಳು ತೋಟಕ್ಕೆ ಅಂಕಮ್ಮನ ಅಪ್ಪ ಮಾಯಣ್ಣ ಬೇಕೆಂದೇ ಕಾಲಿಟ್ಟ. ಸ್ವಾತಂತ್ರ್ಯ ಬಂದ ಮಾರನೇ ವರ್ಷ ಕೆಂಚನಿಗೆ ಗಂಟಲಮಾರಿ ಬಂದು ಉಸಿರು ಕಟ್ಟುತ್ತಿತ್ತು. ಔಷಧಿ ತುಮಕೂರಿನಲ್ಲಿ. ಅದನ್ನು ತರುವಷ್ಟರಲ್ಲಿ ಮಗು ಹೋಗಿಬಿಡುತ್ತದೆ. ತೋಟದೊಳಗೆ ಹೊಕ್ಕರೆ ಮಗುವಿನ ಕಾಯಿಲೆಯೂ ಅಲ್ಲೇ ನಿಲ್ಲುತ್ತದಲ್ಲ! ಮಾಯಣ್ಣ ಮಗನನ್ನು ಹೆಗಲಿಗೆ ಹಾಕಿಕೊಂಡು ಹೆಂಡತಿ ಚಿಕ್ಕಗೌರಮ್ಮನಿಗೆ ಹೇಳಿದ: "ಔಸ್ದಿ ತಂದು ಕೂಗು. ಮೂರು ಸತಿ ಕೂಗ್ಬೇಕು. ಮಾರಿ ಮಗೀನ್ ಹಿಂದೇನೇ ಬತ್ತಾಳೆ, ನಿನ್ ದನೀಲೇ ಕರೀತಾಳೆ. ಮೂರ್ನೇದು ಕೇಳೋಗಂಟ ನಾ ತಿರುಗಾಕಿಲ್ಲ. ದನಿ ನಿಂದಲ್ಲ ಅನ್ನಿಸ್ತೋ, ಒಳೀಕ್ ಓಡ್ತೀನಿ."

ಮಾರಿಗೆ ಒಂದೋ ಎರಡೋ ಸಲ ಕೂಗುವುದಕ್ಕಷ್ಟೇ ಆಗುತ್ತದೆ, ಅದಕ್ಕೇ ಮೂರನೇ ಕೂಗಿಗೆ ಮೊದಲು ಓಗೊಡಬಾರದು. ಆ ಸೀಮೆಯಲ್ಲಿ ಹೆತ್ತವರು ಮಕ್ಕಳಿಗೆ ಮೊದಲು ಕಲಿಸುವುದೇ ಇದನ್ನು.

ಚಿಕ್ಕಗೌರಮ್ಮ ಆಗ ತುಂಬಿದ ಬಸುರಿ, ಹೊಟ್ಟೆಯಲ್ಲಿದ್ದವಳು ಅಂಕಮ್ಮ. ಚಿಕ್ಕಗೌರಮ್ಮ ಔಷಧಿ ತರಿಸಿ, ಅದನ್ನು ಕೊಡುವವನನ್ನೂ ಕರೆತಂದು, ಬೇಲಿ ಪಕ್ಕ ನಿಂತು ಕೂಗಿದಳು, "ಓ ಇವ್ರೇ, ಬನ್ನೀ!" ಒಂದು, ಎರಡು, ಮೂರು. ಗಂಡ ತಿರುಗಲಿಲ್ಲ. ಎತ್ತಿದ ಕಾಲು ಎತ್ತಿದಂತೆಯೇ, ಬೆನ್ನು ಇತ್ತ, ಹೆಗಲ ಮೇಲೆ ಕಣ್ಣು ಮುಚ್ಚಿದ ಮಗುವಿನ ಮುಖ.

ಆ ಕಾಲು ನೆಲ ಮುಟ್ಟುವಷ್ಟರಲ್ಲಿ ಅಂಕಮ್ಮ ಮೈನೆರೆದಿದ್ದಳು. ಮಾಯಣ್ಣ ಅಲ್ಲೇ ಕಿವಿಗೊಟ್ಟು ನಿಂತ. ಆಗ ಚಿಕ್ಕಗೌರಮ್ಮನಿಗೆ ಹೊಳೆಯಿತು. ಒಂದೇ ದಿನ ಕೂಗಿದ ಮೂರು ಕೂಗು ಒಳಗೆ ಹೋಗಿ ಒಂದೇ ಕೂಗಾಗಿವೆ! ಅವನು ಎರಡನೆಯದಕ್ಕೆ ಕಾಯುತ್ತಿದ್ದಾನೆ. ಎದೆ ಎದೆ ಬಡಿದುಕೊಂಡು ಅತ್ತಳು, ಅತ್ತು ಮುಗಿಸಿ ಎರಡನೆಯದನ್ನು ಕೂಗಿದಳು. ಅದು ಅವನಿಗೆ ಬೇರೆ ಕೂಗಾಗಿ ಕೇಳಬೇಕಾದರೆ ಮತ್ತೆ ವರ್ಷಗಟ್ಟಲೆ ಬಾಯಿ ಮುಚ್ಚಿಕೊಂಡಿರಬೇಕಿತ್ತು. ಒಳಗೇ ಹೋಗಿಬಿಡೋಣವೆಂದರೆ ಎದೆಗವುಚಿಕೊಂಡು ಸಾಕಿದ ಮಗಳು ಹೊರಗೆ.

ಎಮರ್ಜೆನ್ಸಿ ಮುಗಿದ ವರ್ಷ ಮೂರನೆಯದಕ್ಕೆ ಹೊತ್ತು ಬಂತು. ಅಷ್ಟರಲ್ಲಿ ಚಿಕ್ಕಗೌರಮ್ಮನ ಕಣ್ಣಿಗೆ ಪೊರೆ ಬಂದಿತ್ತು. ತೆಂಗಿನ ನಾರು ಬಡಿಯುವ ಕೂಲಿಗೆ ಹೋಗಿ ಹೋಗಿ, ದೂಳು ಕುಡಿದು, ಗಂಟಲು ಒಡೆದು ಗೊಗ್ಗರಾಗಿತ್ತು. ಅಂಕಮ್ಮನ ಗಂಟಲು ಮಾತ್ರ ಸಂಜೆ ಹೊತ್ತು ಆಡು ಕರೆದರೆ ಗುಡ್ಡದವರೆಗೂ ಕೇಳುತ್ತಿತ್ತು. ಪಕ್ಕದ ಮನೆಯ ಮುದುಕಿ ತಿಮ್ಮಕ್ಕ ಎಷ್ಟೋ ಸಲ ಬೆಚ್ಚಿದ್ದಳು: "ಅಯ್ಯ, ನಿಮ್ಮವ್ವ ಹರೇದಾಗ ಹಿಂಗೇ ಕೂಗೋಳು ಕಣೇ!"

ಬೇಲಿ ಹತ್ತಿರ ಅಂಕಮ್ಮ ಮೆಲ್ಲಗೆ ಕೇಳಿದಳು, "ಅವ್ವಾ, ನಾನ್ ಕೂಗ್ಲಾ? ನಿನ್ ದನಿ ಅಪ್ಪಯ್ಯಂಗೆ ಗುರ್ತು ಸಿಕ್ಕಾಕಿಲ್ಲ."

"ಥೂ! ಹೆತ್ತಪ್ಪನ್ನ ಹೆಂಡ್ತಿಯಂಗೆ 'ಇವ್ರೇ' ಅಂತೀಯೇನೇ? ನಾಚ್ಕೆ ಆಗಾಕಿಲ್ವಾ? ಇಷ್ಟ್ ವರ್ಸ ಕಾದೋಳು ನಾನು. ಕರಿಯೋಳೂ ನಾನೇ."

ಅಂಕಮ್ಮನಿಗೆ ನಿಜವಾಗಿಯೂ ನಾಚಿಕೆಯಾಯಿತು. ತಲೆ ತಗ್ಗಿಸಿಕೊಂಡಳು. ಹಾಳು ಮರ್ಯಾದೆ! ಅಲ್ಲೇ ಎಲ್ಲ ಕೆಟ್ಟಿತು. ಚಿಕ್ಕಗೌರಮ್ಮ ಸೆರಗು ಬಿಗಿದುಕೊಂಡು, ಇದ್ದಬದ್ದ ಉಸಿರನ್ನೆಲ್ಲ ಒಟ್ಟುಗೂಡಿಸಿ ಕೂಗಿದಳು. ಮುದಿ ಕಾಗೆ ಕರ್ರೆಂದ ಹಾಗೆ ಆ ಕೂಗು ಬೇಲಿ ದಾಟಿತು.

ಅಂದಿನಿಂದ ಅಂಕಮ್ಮ ದಿನವೂ ಅವ್ವನ ಕೈ ಹಿಡಿದುಕೊಂಡು ಬೇಲಿಗೆ ಬರುತ್ತಾಳೆ. ಗಂಟಲಮಾರಿಯ ಸೂಜಿಮದ್ದು ಈಗ ಚಿಕ್ಕನಾಯಕನಹಳ್ಳಿಯಲ್ಲೇ ಸಿಗುತ್ತದೆ, ಅವರು ಹೊರಗೆ ಬಂದರೆ ಬಸ್ಸು ಹತ್ತಿಸಿದರಾಯಿತು. ಎರಡು ಮಳೆಗಾಲ ಏನೂ ಕಾಣಲಿಲ್ಲ. ಮೂರನೆಯ ವರ್ಷ ಅಪ್ಪನ ಹೆಗಲು ಬಿಗಿಯಿತು. ಆಮೇಲೆ ಕೈ ಮೇಲೆದ್ದಿತು. ಮಗನನ್ನು ಸವರುವುದಕ್ಕಿರಬೇಕು ಅಂದುಕೊಂಡಳು. ಆ ಕೈ ಬಂದು ಮಗುವಿನ ಕಿವಿ ಮುಚ್ಚಿತು. ಹಿಮ್ಮಡಿ ನೆಲ ಬಿಟ್ಟಿತು, ಹೊರಗಡೆಗಲ್ಲ, ತೋಟದ ನಡುವಿಗೆ. ಅಪ್ಪ ಓಡುತ್ತಿದ್ದಾನೆ. ಮಾರಿ ಬಂದಳೆಂದು ಮಗನನ್ನು ಅವುಚಿಕೊಂಡು ಓಡುತ್ತಿದ್ದಾನೆ.

"ಏನೇ, ತಿರುಗಿದ್ರಾ?" ಚಿಕ್ಕಗೌರಮ್ಮ ಪೊರೆಗಣ್ಣು ಕಿರಿದು ಮಾಡಿ ಕೇಳಿದಳು.

"ತಿರುಗ್ತಾ ಅವ್ರೆ ಕಣವ್ವಾ."

"ಮಗಾ?"

"ಕಣ್ ಬುಡ್ತಾ ಅವ್ನೆ." ಇದೊಂದು ಸುಳ್ಳಲ್ಲ. ಕೆಂಚನ ರೆಪ್ಪೆ ಕೂದಲೆಳೆಯಷ್ಟು ತೆರೆದಿತ್ತು.

ಚಿಕ್ಕಗೌರಮ್ಮ ನಕ್ಕಳು. "ನನ್ ದನಿ ಮರ್ತಿಲ್ಲ ನೋಡು. ನೀ ಕೂಗಿದ್ರೆ ಏನ್ ಗತಿಯಾಗದು!"

ಅಂಕಮ್ಮ ಸೆರಗನ್ನು ಬಾಯಿಗೆ ತುರುಕಿಕೊಂಡಳು. ಅವ್ವನ ಹರೆಯದ ದನಿಯಲ್ಲಿ ಈಗ ಕೂಗಿದರೂ ಏನುಪಯೋಗ? ಮಾರಿ ಇನ್ನೊಂದು ಆಟ ಹೂಡಿದಳು ಅಂದುಕೊಳ್ಳುತ್ತಾನೆ. 'ಅಪ್ಪಾ' ಎಂದು ಮಗಳಾಗಿಯೇ ಕರೆಯೋಣವೆಂದರೆ, ಅವನ ಪಾಲಿಗೆ ಅವಳಿನ್ನೂ ಹುಟ್ಟೇ ಇಲ್ಲ.

"ನಡಿಯವ್ವಾ, ಬಿಸ್ಲಾಯ್ತು" ಎಂದು ಅವ್ವನ ಕೈ ಹಿಡಿದುಕೊಂಡಳು.