ಇಪ್ಪತ್ತೇಳರವರೆಗೆ

ಬೆಳಿಗ್ಗೆ ಹತ್ತೂವರೆಗೆ ನಜ್ಜರೇನೊ ಚೆಕ್ಕಾಚ್ಚಿಯ ಶವಪೆಟ್ಟಿಗೆಯನ್ನು ಆರು ಜನ ಚರ್ಚಿನ ಮೆಟ್ಟಿಲು ಹತ್ತಿಸುತ್ತಿದ್ದರು. ವಯಸ್ಸು ಎಂಬತ್ತೊಂದು. ರೋಮಿನ ಉತ್ತರಕ್ಕೆ, ಸರೋವರದ ದಂಡೆಯ ಆ ಊರಿನಲ್ಲಿ ಗಾರೆ ಕೆಲಸ ಮಾಡಿಕೊಂಡಿದ್ದವನು ತೊಂಬತ್ತನಾಲ್ಕು ಸಿನಿಮಾಗಳಲ್ಲಿ ನಟಿಸಿದ್ದ. ಕುದುರೆ-ಪಿಸ್ತೂಲಿನವು, ದೆವ್ವದವು, ಪೊಲೀಸರವು. ಆ ಪೈಕಿ ಎಪ್ಪತ್ತೊಂದು ಸಿನಿಮಾಗಳಲ್ಲಿ ತೆರೆಯ ಮೇಲೆ ಸತ್ತಿದ್ದ. ಆ ಲೆಕ್ಕ ಇಟ್ಟವನು ಕ್ಷೌರಿಕ ಕ್ವಿಂತೊ. ಪೆಟ್ಟಿಗೆಯ ಎಡಮೂಲೆಗೆ ಹೆಗಲು ಕೊಟ್ಟವನೂ ಅವನೇ.

"ಮುಚ್ಚಳ ಭದ್ರ ಇದೆಯಾ ನೋಡ್ರಪ್ಪ," ಅಂದ. "ಇವನು ಪ್ರತಿ ಸಲ ಎದ್ದು ಬಂದಿದ್ದಾನೆ."

ಬಾಗಿಲ ಬಳಿ ನಿಂತಿದ್ದ ಮುದುಕರೊಬ್ಬರು ಟೋಪಿ ತೆಗೆದು ನಜ್ಜರೇನೊನ ಮಗಳು ಮಿರೆಲ್ಲಾಳಿಗೆ ಸಮಾಧಾನದ ನಾಲ್ಕು ಮಾತು ಹೇಳಿದರು. ಹೆಗಲು ಕೊಟ್ಟವರು ಮೆಟ್ಟಿಲ ಮೇಲೇ ನಿಂತುಬಿಟ್ಟರು. ಟೀವಿಯಲ್ಲಿ ಮಧ್ಯಾಹ್ನದ ಸಿನಿಮಾಗಳಲ್ಲಿ ಊರೆಲ್ಲ ಕೇಳಿದ್ದ ನಜ್ಜರೇನೊನ ದನಿ ಅದು.

ಅವರು ಉಲ್ದೆರಿಕೊ ಫಾಂತಿ. ಆ ಕಾಲದ ಸಿನಿಮಾಗಳಲ್ಲಿ ಒಬ್ಬೊಬ್ಬ ನಟ ಒಂದೊಂದು ಭಾಷೆಯವನು. ದನಿಯನ್ನು ಆಮೇಲೆ ಸ್ಟುಡಿಯೋದಲ್ಲಿ ಕೂಡಿಸುತ್ತಿದ್ದರು. ಮುಖ ನಜ್ಜರೇನೊನದು, ದನಿ ಉಲ್ದೆರಿಕೊ ಅವರದು. ತೊಂಬತ್ತನಾಲ್ಕರಲ್ಲಿ ಒಂದರಲ್ಲೂ ಅವನ ಸ್ವಂತ ದನಿ ಇಲ್ಲ. ಹನ್ನೊಂದು ವರ್ಷದ ಹಿಂದೆ ಗಂಟಲಿನ ಶಸ್ತ್ರಚಿಕಿತ್ಸೆ ಆದ ಮೇಲೆ ಬಾಯಲ್ಲೂ ಇರಲಿಲ್ಲ. ಮಿರೆಲ್ಲಾ ಮನೆಯೆಲ್ಲ ಹುಡುಕಿದ್ದಳು. ಅಪ್ಪ ಮಾತಾಡಿದ ಒಂದು ತುಣುಕು ಟೇಪೂ ಸಿಕ್ಕಿರಲಿಲ್ಲ.

ಪೆಟ್ಟಿಗೆಯನ್ನು ಒಳಗೆ ತಂದಿಟ್ಟು ಎಲ್ಲರೂ ಕೂತ ಮೇಲೆ ನಜ್ಜರೇನೊನ ಹೆಂಡತಿ ಯೊಲಾಂದಾ ಮುಂದಿನ ಬೆಂಚಿನಿಂದ ಉಲ್ದೆರಿಕೊ ಅವರತ್ತ ತಿರುಗಿ ನೋಡಿದಳು.

"ನಲವತ್ತು ವರ್ಷ ನನ್ನ ಗಂಡನ ಬಾಯಲ್ಲಿ ಕೂತಿದ್ದೋರು ನೀವೇನಾ?"

"ಹೌದಮ್ಮ."

"ಈಗ ಅವರನ್ನ ನೆನೆಸ್ಕೊಂಡ್ರೆ ನಿಮ್ಮ ದನೀನೇ ಬರುತ್ತೆ. ಅವರದ್ದು ಹೇಗಿತ್ತು ಅಂತ ಮರೆತೇ ಹೋಗಿದೆ."

ಉಲ್ದೆರಿಕೊ ಕೋಟಿನ ಜೇಬಿನಿಂದ ಪುಟ್ಟ ಟೇಪ್ ರೆಕಾರ್ಡರ್ ತೆಗೆದರು.

* * *

೧೯೬೮ರ ಫೆಬ್ರವರಿ. ರೋಮಿನ ಸ್ಟುಡಿಯೋದ ಕತ್ತಲ ಕೋಣೆ. ತುಟಿಗೆ ಮಾತು ಹೊಂದಿಸಲೆಂದು ಚಿತ್ರೀಕರಣದ ಜಾಗದಲ್ಲಿ ಮುದ್ರಿಸಿದ ಒರಟು ದನಿಯನ್ನು ಉಲ್ದೆರಿಕೊ ಹೆಡ್‌ಫೋನಿನಲ್ಲಿ ಕೇಳುತ್ತಿದ್ದರು. ಕೆಲಸ ಮುಗಿದ ಮೇಲೆ ಅದನ್ನು ಎಸೆಯುವುದು ವಾಡಿಕೆ. ಪರದೆಯ ಮೇಲೆ ಗುಂಡು ತಿಂದ ನಜ್ಜರೇನೊ ಬಾವಿಕಟ್ಟೆಗೆ ಒರಗಿದ್ದ. ಸಂಭಾಷಣೆ ಇಂಗ್ಲಿಷಿನಲ್ಲಿತ್ತು, ಅವನಿಗೆ ಒಂದಕ್ಷರವೂ ಬಾರದು. ಸುಮ್ಮನೆ ಅಂಕಿ ಎಣಿಸು ಎಂದು ನಿರ್ದೇಶಕರು ಹೇಳಿದ್ದರು. ಅವನು ಎಣಿಸುತ್ತಿದ್ದ.

ಹನ್ನೆರಡಕ್ಕೆ ಬರುವಾಗ ಉಲ್ದೆರಿಕೊ ಪೆನ್ಸಿಲ್ ಕೆಳಗಿಟ್ಟರು. ಇಪ್ಪತ್ತೇಳಕ್ಕೆ ಬರುವಾಗ ಯಂತ್ರ ನಡೆಸುವವನು ಎದ್ದು ನಿಂತಿದ್ದ.

* * *

ಅದಕ್ಕೆ ಸರಿಸಾಟಿಯಾಗಿ ಹೇಳಲು ಅಂದು ಹದಿನೇಳು ಸಲ ಯತ್ನಿಸಿದೆ, ಆಗಲಿಲ್ಲ ಎಂದರು ಉಲ್ದೆರಿಕೊ. ತಮ್ಮ ಕೈಯಲ್ಲಿ ಕವಿ ಬರೆದಂಥ ಸಾಲುಗಳಿದ್ದವು, ಅವನ ಬಳಿ ಬರೀ ಅಂಕಿ. ಆ ದೃಶ್ಯದಿಂದ ಹೆಸರು ಬಂದದ್ದು ಮಾತ್ರ ತಮಗೆ.

"ಎಸೀಬೇಕಿದ್ದ ಟೇಪನ್ನ ಮನೆಗೆ ಒಯ್ದೆ. ನಾಚಿಕೆಯಾಗಿ ಇಷ್ಟು ವರ್ಷ ಯಾರಿಗೂ ಕೇಳಿಸಲಿಲ್ಲ."

ಇಲ್ಲಿ ಬೇಡ, ಮನೆಯಲ್ಲಿ ಕೇಳೋಣ ಎಂದಳು ಮಿರೆಲ್ಲಾ. ಯೊಲಾಂದಾ ಪೆಟ್ಟಿಗೆಯನ್ನೇ ನೋಡುತ್ತಿದ್ದಳು. ಪೂಜೆ ಶುರು ಮಾಡಲು ಪಾದ್ರಿ ಕಾಯುತ್ತಿದ್ದರು.

"ಹಾಕಿ," ಅಂದಳು ಯೊಲಾಂದಾ. "ಎಲ್ಲರಿಗೂ ಕೇಳೋ ಹಾಗೆ."

ಪಾದ್ರಿ ತಮ್ಮ ಮೈಕನ್ನು ರೆಕಾರ್ಡರಿನ ಹತ್ತಿರ ಹಿಡಿದರು. ಮೊದಲು ಗಾಳಿಯ ಸದ್ದು. ಆಮೇಲೆ ತುಸು ಗೊಗ್ಗರು ದನಿ, ಇದೇ ಊರಿನ ಎಳೆತ. ಒಂದು. ಎರಡು. ಮೂರು. ಹತ್ತರವರೆಗೆ ಸಿಟ್ಟಿತ್ತು. ಹದಿನಾಲ್ಕರಲ್ಲಿ ಅವನು ಯಾರನ್ನೋ ಕ್ಷಮಿಸಿದ. ಇಪ್ಪತ್ತರ ನಂತರ ಒಂದೊಂದು ಅಂಕಿಗೂ ನಡುವೆ ಉಸಿರಿಗಾಗಿ ಕಾಯಬೇಕಾಯಿತು. ಇಪ್ಪತ್ತೇಳನ್ನು ಬಾಗಿಲಲ್ಲಿ ಯಾರೋ ಕಂಡಂತೆ, ಮೆಲ್ಲಗೆ ಹೇಳಿದ. ಒಟ್ಟು ನಲವತ್ತೊಂದು ಸೆಕೆಂಡು.

ಟೇಪು ಇನ್ನೂ ಓಡುತ್ತಿತ್ತು. ಯಾರೋ ದೂರದಿಂದ ಸಾಕು ಎಂದು ಕೂಗಿದರು. ಅದೇ ದನಿ ಆರಾಮಾಗಿ ನಕ್ಕಿತು.

"ಸ್ವಲ್ಪ ನೀರು ಕೊಡ್ರಪ್ಪ."

"ಇದೇ," ಎಂದಳು ಯೊಲಾಂದಾ.

ನೀರು ತರಲು ಕ್ವಿಂತೊ ಆಗಲೇ ಎದ್ದು ನಿಂತಿದ್ದ. ಹಿಂದಿನ ಸಾಲಿನಲ್ಲಿ ಇನ್ನಿಬ್ಬರು ಅರ್ಧ ಎದ್ದಿದ್ದರು. ಮೂವರೂ ಒಬ್ಬರ ಮುಖ ಒಬ್ಬರು ನೋಡಿ ನಿಧಾನವಾಗಿ ಕೂತರು.

ಟೇಪನ್ನು ಇನ್ನೂ ಮೂರು ಸಲ ಹಾಕಿದರು. ಪೂಜೆ ಹನ್ನೊಂದೂಕಾಲಿಗೆ ಶುರುವಾಯಿತು.