ಇಸ್ತ್ರಿ ಮಾಡಿದ ಬೀಜ

ನನ್ನ ನಾದಿನಿ ತನ್ನ ಹೊಸ ಮನೆಯ ಮುಂದಿರುವ ಮಣ್ಣಿಗೆಲ್ಲ ಸಿಮೆಂಟ್ ಹಾಕಿಸುತ್ತಾಳಂತೆ. ಈ ಸುದ್ದಿಯನ್ನು ನನ್ನ ಗಂಡ ಬುಧವಾರ ಸಂಜೆ, ಬಾಗಿಲಲ್ಲಿ ಚಪ್ಪಲಿ ಬಿಡುತ್ತಾ, ಇವತ್ತು ಸೆಕೆ ಜಾಸ್ತಿ ಎನ್ನುವ ಧಾಟಿಯಲ್ಲಿ ಹೇಳಿದರು. ಸೋಮವಾರ ಗಾರೆಯವನು ಬರುತ್ತಾನೆ, ಮರಳು ಆಗಲೇ ಇಳಿಸಿದ್ದಾಗಿದೆ. ಹತ್ತು ಅಡಿ ಅಗಲ, ಇಪ್ಪತ್ತು ಅಡಿ ಉದ್ದ, ಬೆಳಗಿನಿಂದ ಮಧ್ಯಾಹ್ನದವರೆಗೆ ಬಿಸಿಲು ಬೀಳುವ ಮಣ್ಣು. ಅಂಥ ಮಣ್ಣಿಗೆ ನಾನು ಇಪ್ಪತ್ತು ವರ್ಷದಿಂದ ಬಾಯಿ ಬಿಡುತ್ತಿದ್ದೇನೆ. ನನಗಿರುವುದು ಹಿತ್ತಲ ಗೋಡೆಯ ಬುಡದಲ್ಲಿ ಒಂದು ಸೀರೆ ಹಾಸಿದರೆ ಮುಚ್ಚಿಹೋಗುವಷ್ಟು ಜಾಗ.

ಯಾಕಂತೆ ಎಂದು ಕೇಳಿದೆ.

"ಅವಳ ಕೈಗೆ ಹುಲ್ಲೂ ಬರಲ್ವಂತೆ. ಮಣ್ಣಿದ್ರೆ ಬರೀ ಕೆಸರು ಅಂದ್ಲು" ಎಂದು ಅವರು ಕಾಲು ತೊಳೆಯಲು ಹೋದರು.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ಹೆಗಲು ಮುಟ್ಟಿಕೊಳ್ಳಲಿಲ್ಲ, ಹೊಲಿಗೆ ಯಂತ್ರದ ಸೂಜಿಗೆ ಬೆರಳು ಕೊಟ್ಟೆ. ಯಾಕೆಂದರೆ ಅವಳ ಕೈಗೆ ಆ ಹೆಸರು ತಂದವಳು ನಾನೇ.

ಮೊದಲಿಂದ ಹೇಳುತ್ತೇನೆ. ನಾನು ಮನೆಯಲ್ಲೇ ಬಟ್ಟೆ ಹೊಲಿಯುವವಳು. ಸಿಟ್ಟು ಮೂಗಿನ ತುದಿಯಲ್ಲಿ, ಬಾಯಿ ಬೀದಿಯ ತುದಿಯವರೆಗೆ. ಬೇಕಾದರೆ ನನ್ನ ಗಿರಾಕಿಗಳನ್ನು ಕೇಳಿ. ನಮ್ಮ ಹಿತ್ತಲಲ್ಲಿ ಒಂದು ಬಳ್ಳಿ ಹುರುಳಿಕಾಯಿ ಇದೆ, ಅಂಗಡಿಯಲ್ಲಿ ಸಿಗುವಂಥದ್ದಲ್ಲ. ಅತ್ತೆಯ ಅಮ್ಮನಿಂದ ಅತ್ತೆಗೆ, ಅತ್ತೆಯಿಂದ ನನಗೆ ಬಂದದ್ದು. ಅದಕ್ಕೂ ಹಿಂದೆ ಯಾರ ಕೈಯಲ್ಲಿತ್ತೋ ದೇವರಿಗೇ ಗೊತ್ತು. ಕಾಯಿ ನೇರಳೆ, ಬೇಯಿಸಿದರೆ ಹಸಿರಾಗುತ್ತದೆ, ನಾರೆಂಬುದೇ ಇಲ್ಲ. ಬೀಜ ಅರ್ಧ ಬಿಳಿ, ಅರ್ಧ ಕಡುಗೆಂಪು, ನಡುವಿನ ಗೆರೆ ಕತ್ತರಿ ಹಾಕಿದಷ್ಟು ನೇರ. ಮನೆಯಲ್ಲಿ ಅದಕ್ಕೆ 'ಅರ್ಧಕೋಟು' ಎಂದೇ ಹೆಸರು. ಪೇಟೆಯ ಹುರುಳಿಕಾಯಿಯನ್ನು ಮೂರು ದಿನ ಲಾರಿಯಲ್ಲಿ ಕೂತರೂ ಮುಖ ಬಾಡದ ಹಾಗೆ ಹುಟ್ಟಿಸಿರುತ್ತಾರೆ, ತಿನ್ನುವವರ ಯೋಚನೆ ಯಾರಿಗೂ ಇರುವುದಿಲ್ಲ. ಅರ್ಧಕೋಟು ಬೆಳಿಗ್ಗೆ ಕಿತ್ತರೆ ಸಂಜೆಗೆ ಬಾಡುತ್ತದೆ, ನಿಜ. ಆದರೆ ಕಿತ್ತ ಗಳಿಗೆಯಲ್ಲೇ ಬರೀ ಉಪ್ಪುನೀರಲ್ಲಿ ಬೇಯಿಸಿ ಬಾಯಿಗಿಟ್ಟವರು, ಇಷ್ಟು ದಿನ ನಾವು ತಿಂದದ್ದು ಏನಪ್ಪಾ ಹಾಗಾದರೆ ಎಂದು ಕೇಳುತ್ತಾರೆ.

ಬೀಜ ಉಳಿಸುವುದಕ್ಕೂ ಒಂದು ಕ್ರಮವಿದೆ. ಒಳ್ಳೆಯದನ್ನೆಲ್ಲ ತಿಂದು, ಬಳ್ಳಿಯ ತುದಿಯ ಮುರುಟು ಕಾಯಿಯನ್ನು ಬೀಜಕ್ಕೆ ಬಿಡುವವರು ನಾಲ್ಕೇ ವರ್ಷದಲ್ಲಿ ತಳಿ ಕೆಡಿಸಿ ಕೂರುತ್ತಾರೆ. ಬುಡದ ಮೊದಲ ಕಾಯಿಗಳು, ಅವುಗಳಲ್ಲೂ ಉದ್ದನೆಯವು, ಬೀಜಕ್ಕೆ ಸೇರಬೇಕು. ಅವಕ್ಕೆ ನಾನು ಕೆಂಪು ದಾರ ಕಟ್ಟುತ್ತೇನೆ. ದಾರದ ಕಾಯಿಗೆ ಕೈ ಹಾಕಿದರೆ ಗಂಡನೆಂದೂ ನೋಡುವುದಿಲ್ಲ. ಬಳ್ಳಿಯಲ್ಲೇ ಒಣಗಿ ಗಲಗಲ ಎಂದಮೇಲೆ ಬಿಡಿಸಿ, ಗೆರೆ ಸೊಟ್ಟಗಿರುವವನ್ನು ಆರಿಸಿ ತೆಗೆದು, ಬೂದಿ ಬೆರೆಸಿ ಡಬ್ಬಿಗೆ ತುಂಬುತ್ತೇನೆ. ಆ ಡಬ್ಬಿಗೆ ಸಿಗುವ ಉಪಚಾರ ತಮಗಿಲ್ಲವೆಂದು ನಮ್ಮವರು ಬಸ್ಸು ಓಡಿಸುತ್ತಿದ್ದ ಕಾಲದಿಂದ ದೂರುತ್ತಿದ್ದಾರೆ.

ಎಂಟು ವರ್ಷದ ಹಿಂದೆ ಅತ್ತೆ ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡು ಮಲಗಿದರು. ಬಳ್ಳಿ ಪೂರ್ತಿ ನನ್ನ ಪಾಲಿಗೆ ಬಂತು, ಆ ವರ್ಷ ಎಂದೂ ಬಿಡದಷ್ಟು ಕಾಯಿ ಬಿಟ್ಟಿತು. ಬಟ್ಟೆ ಕೊಡಲು ಬಂದವರೆಲ್ಲ ಹಿತ್ತಲಿಗೆ ಹೋಗಿ ನೋಡಿ ಬರುತ್ತಿದ್ದರು. ನನ್ನ ನಾದಿನಿ ಆಗ ಗ್ರಂಥಾಲಯದ ಬೈಂಡಿಂಗ್ ವಿಭಾಗದಲ್ಲಿದ್ದಳು, ಮೂರನೇ ಮಹಡಿಯ ಮನೆಯಲ್ಲಿ ಒಬ್ಬಳೇ ವಾಸವಿದ್ದಳು. ಚಿಂದಿಯಾಗಿ ಹೋದ ಪುಸ್ತಕ ಅವಳ ಕೈಯಿಂದ ಈಗ ತಾನೇ ಅಚ್ಚಾದ ಹಾಗೆ ಹೊರಬರುತ್ತಿತ್ತು. ನನ್ನ ಮಗಳದು ಚಿನ್ನದ ಕೈ ಎಂದು ಅತ್ತೆ ದಿನಕ್ಕೆ ಮೂರು ಸಲ ಹೇಳುತ್ತಿದ್ದರು. ಅವರನ್ನು ಎತ್ತಿ ಕೂರಿಸಿ, ಮೈ ಒರೆಸಿ, ತುತ್ತು ಕೊಡುತ್ತಿದ್ದವಳು ನಾನು. ಚಿನ್ನ ಮಾತ್ರ ಅವಳ ಕೈ. ನನ್ನದು ಅಂತ ಇದ್ದದ್ದು ಆ ಬಳ್ಳಿಯೊಂದೇ. ಅದನ್ನೂ ಅವಳು ಕೇಳಿದಳು.

ಬಾಲ್ಕನಿಯಲ್ಲಿ ಕುಂಡ ಇಡುತ್ತೇನೆ, ಅಮ್ಮನ ಬೀಜ ಹತ್ತು ಕೊಡಿ ಅತ್ತಿಗೆ, ಎಂದಳು. ಅತ್ತೆಯೂ ಮಲಗಿದಲ್ಲಿಂದಲೇ, ಕೊಡಮ್ಮ, ಎಂದರು. ನಾನು ಹತ್ತು ಬೀಜ ಎಣಿಸಿ ಇಸ್ತ್ರಿ ಮೇಜಿನ ಮೇಲೆ ಹರಡಿದೆ. ಮೇಲೆ ಎರಡು ಮಡಿಕೆ ಬಟ್ಟೆ ಹೊದೆಸಿ, ಇಸ್ತ್ರಿ ಪೆಟ್ಟಿಗೆಯನ್ನು ಸಣ್ಣ ಬಿಸಿಗೆ ತಿರುಗಿಸಿ ಅದರ ಮೇಲಿಟ್ಟೆ. ಒಂದು ತೋಳು ಹೊಲಿದು ಮುಗಿಸುವಷ್ಟು ಹೊತ್ತು ಹಾಗೇ ಬಿಟ್ಟೆ. ಬಟ್ಟೆ ತೆಗೆದು ನೋಡಿದರೆ ಬೀಜದ ಬಣ್ಣ ಒಂದಿಷ್ಟೂ ಕೆಟ್ಟಿರಲಿಲ್ಲ. ಆರಿದ ಮೇಲೆ ಪೊಟ್ಟಣ ಕಟ್ಟಿ ನಗುನಗುತ್ತಾ ಕೊಟ್ಟೆ. ಮೂರು ಹೊತ್ತೂ ಅನ್ನ ತಿನ್ನುವ ಹೆಂಗಸು ಮಾಡುವ ಕೆಲಸವೇ ಅದು? ಆದರೆ ಮಾಡಿದೆ, ಅದರಲ್ಲಿ ಸುಳ್ಳಿಲ್ಲ.

ಬೀಜ ಮೊಳೆಯಲಿಲ್ಲ. ಅವಳು ನನ್ನನ್ನು ಒಂದು ಮಾತೂ ಕೇಳಲಿಲ್ಲ. ಮೂರು ತಿಂಗಳಲ್ಲಿ ಅತ್ತೆ ಆಸ್ಪತ್ರೆ ಸೇರಿ ತೀರಿಕೊಂಡರು. ಆಮೇಲೆ ಪ್ರತಿ ಭಾನುವಾರ ಅವಳು ನಮ್ಮ ಮನೆಗೆ ಬರುವುದು ಅಭ್ಯಾಸವಾಯಿತು. ಇಬ್ಬರೂ ಚಹಾ ಕುಡಿಯುತ್ತಾ, ನಾನು ಊರವರನ್ನೆಲ್ಲ ಬೈಯುತ್ತಾ, ಅವಳು ನಗುತ್ತಾ, ಮಧ್ಯಾಹ್ನ ಕಳೆದುಹೋಗುತ್ತದೆ. ನನಗೆ ಬೇರೆ ಗೆಳತಿಯರಿಲ್ಲ. ನನ್ನ ಬಾಯಿಯ ಮುಂದೆ ಯಾರು ನಿಲ್ಲುತ್ತಾರೆ? ಬಳ್ಳಿಯ ಹತ್ತಿರ ಮಾತ್ರ ಅವಳು ಸುಳಿಯುವುದಿಲ್ಲ. ಒಂದು ಕಾಯಿ ಕಿತ್ತುಕೋ ಎಂದರೂ, ನಾನು ಮುಟ್ಟಿದರೆ ಒಣಗುತ್ತೆ ಎಂದು ಕೈ ಹಿಂದಕ್ಕೆ ಕಟ್ಟಿಕೊಳ್ಳುತ್ತಾಳೆ. ಆಗೆಲ್ಲ ನನಗೆ ನೆಲ ಬಿರಿದು ಒಳಗೆ ಹೋಗಬಾರದೇ ಎನ್ನಿಸುತ್ತದೆ.

ಈಗ ಹೇಳಿಬಿಟ್ಟರೆ ಆ ಭಾನುವಾರಗಳು ಹೋಗುತ್ತವೆ. ಹೇಳದಿದ್ದರೆ ಸೋಮವಾರ ಆ ಮಣ್ಣು ಹೋಗುತ್ತದೆ, ಜೊತೆಗೆ ಅವಳ ಕೈಯೂ ಕೊನೇತನಕ ಕೆಟ್ಟ ಕೈಯಾಗೇ ಉಳಿಯುತ್ತದೆ. ಗುರುವಾರ ನಮ್ಮವರನ್ನು ಬಳಸು ದಾರಿಯಲ್ಲಿ ಕೇಳಿ ನೋಡಿದೆ, ಹಳೆಯ ತಪ್ಪನ್ನು ಕೆದಕಬಹುದೇ ಎಂದು. ಕೆದಕಲೂಬಹುದು ಬಿಡಲೂಬಹುದು ಎಂದು ಅಡ್ಡಗೋಡೆಯ ಮೇಲೆ ದೀಪ ಇಟ್ಟರು. ಮೂವತ್ತು ವರ್ಷ ನಡುರಸ್ತೆಯಲ್ಲಿ ಬಸ್ಸು ಓಡಿಸಿದ ಮನುಷ್ಯ ಮಾತಿನಲ್ಲಿ ಮಾತ್ರ ಯಾವ ಪಕ್ಕಕ್ಕೂ ತಿರುಗುವುದಿಲ್ಲ.

ಶನಿವಾರ ಬೆಳಿಗ್ಗೆ ಡಬ್ಬಿಯಿಂದ ಹನ್ನೆರಡು ಬೀಜ ಆರಿಸಿ, ಪೊಟ್ಟಣ ಕಟ್ಟಿಕೊಂಡು ಹೊರಟೆ. ಅವಳ ಮನೆ ಮೂರು ಸ್ಟಾಪು ದೂರ. ನಿವೃತ್ತಿಯಾಗಿ ಒಂದು ತಿಂಗಳಾಗಿದ್ದರೂ ಅವಳ ಕೈ ಬಿಡುವಾಗಿರಲಿಲ್ಲ. ಕಿಟಕಿಯ ಪಕ್ಕದ ಮೇಜಿನ ಮೇಲೆ ಪಕ್ಕದ ಮನೆಯವರ ನಿಘಂಟು ಹೊಟ್ಟೆ ಬಿಚ್ಚಿಕೊಂಡು ಬಿದ್ದಿತ್ತು, ಅವಳು ಬೆನ್ನಿಗೆ ಅಂಟು ಸವರುತ್ತಿದ್ದಳು. ನನ್ನನ್ನು ನೋಡಿ ಚಹಾ ಇಡಲು ಎದ್ದಳು. ಚಹಾ ಬಂದರೆ ನನ್ನ ಧೈರ್ಯ ಹೋಗುತ್ತದೆಂದು ಗೊತ್ತಿತ್ತು. ಕೂತುಕೋ ಎಂದೆ, ಪೊಟ್ಟಣ ಮೇಜಿನ ಮೇಲಿಟ್ಟೆ.

"ಅವತ್ತು ಕೊಟ್ಟ ಹತ್ತು ಬೀಜ ಸತ್ತಿದ್ವು. ಇಸ್ತ್ರಿ ಪೆಟ್ಟಿಗೆ ಇಟ್ಟು ನಾನೇ ಸಾಯಿಸಿ ಕೊಟ್ಟೆ. ನಿನ್ನ ಕೈಯಲ್ಲಿ ಯಾವ ದೋಷಾನೂ ಇಲ್ಲ."

ಅವಳು ಕುಂಚವನ್ನು ನೀರಿಗೆ ಅದ್ದಿದಳು, ಒರೆಸಿದಳು, ಪಕ್ಕಕ್ಕಿಟ್ಟಳು. ಯಾಕೆ ಎಂದು ಕೇಳಿದಳು. ಹೊಟ್ಟೆಕಿಚ್ಚು ಎಂದೆ. ಅಷ್ಟೇನಾ ಎಂದಳು. ಅಷ್ಟೇ ಎಂದೆ. ಇನ್ನೇನಾದರೂ ದೊಡ್ಡ ಕಾರಣ ಇದ್ದಿದ್ದರೆ ನನಗೂ ಚೆನ್ನಾಗಿತ್ತು.

ಬೈಯುತ್ತಾಳೆ ಎಂದುಕೊಂಡಿದ್ದೆ, ಬೈದರೆ ನನಗೂ ಹಗುರವಾಗುತ್ತಿತ್ತು. ಅವಳು ಬೈಯಲಿಲ್ಲ, ಮೆಲ್ಲಗೆ ಹೇಳತೊಡಗಿದಳು. ಹತ್ತು ದಿನ ಕಾದಳಂತೆ. ಆಮೇಲೆ ಮಣ್ಣು ಕೆದಕಿ ನೋಡಿದರೆ ಬೀಜಗಳು ಊದಿಕೊಂಡು ಕೊಳೆತಿದ್ದವಂತೆ. ನೀರು ಹೆಚ್ಚಾಯಿತೋ, ಆಳ ಹೆಚ್ಚಾಯಿತೋ ಎಂದು ತನ್ನನ್ನೇ ಬೈದುಕೊಂಡಳಂತೆ. ಅಷ್ಟರಲ್ಲಿ ಆಸ್ಪತ್ರೆ ಸೇರಿದ್ದ ಅತ್ತೆ ದಿನಾ ಕೇಳುತ್ತಿದ್ದರು, ಮೊಳಕೆ ಬಂತಾ ಎಂದು. ಐವತ್ತು ವರ್ಷ ಅಮ್ಮ ಕಾಪಾಡಿದ ಬೀಜವನ್ನು ನಾನು ಹತ್ತೇ ದಿನದಲ್ಲಿ ಕೊಳೆಸಿದೆ ಎಂದು ಹೇಗೆ ಹೇಳುವುದು? ಬಂತು ಎಂದಳು. ಮುಂದಿನ ತಿಂಗಳು, ಬಳ್ಳಿ ಹಬ್ಬಿದೆ ಎಂದಳು. ಆಮೇಲೆ ಹೂ ಬಿಟ್ಟಿದೆ ಎಂದಳು. ಒಂದು ದಿನ ಅತ್ತೆ, ನಿನ್ನ ಬಳ್ಳಿಯ ಕಾಯಿ ಒಂದು ಹಿಡಿ ಬೇಯಿಸಿ ತಾ, ನೋಡೋಣ, ಎಂದರಂತೆ. ಅವಳು ಪೇಟೆಯಿಂದ ಎಳೆ ಹುರುಳಿಕಾಯಿ ಕೊಂಡು, ಬೇಯಿಸಿದರೆ ಎರಡೂ ಹಸಿರೇ ಅಲ್ಲವೇ ಎಂದು, ಬೇಯಿಸಿ ಒಯ್ದಳು. ಅತ್ತೆ ಪೂರ್ತಿ ತಿಂದು, ಪಕ್ಕದ ಮಂಚದವರಿಗೆ, ಇದು ನನ್ನ ಮಗಳು ಬೆಳೆದದ್ದು, ಎಂದರಂತೆ.

"ಬೀಜ ಹೋಗ್ಲಿ ಬಿಡಿ ಅತ್ತಿಗೆ. ನನ್ನ ಕೈಲಿ ಅಮ್ಮನಿಗೆ ಸುಳ್ಳು ಹೇಳಿಸಿದ್ರಿ. ಅವಳು ಅದನ್ನೇ ನಂಬಿಕೊಂಡು ಹೋದ್ಳು."

ಅಲ್ಲಿಗೆ ನಾನು ಬಾಯಿ ಮುಚ್ಚಿಕೊಂಡಿದ್ದರೆ ನನ್ನ ತಪ್ಪು ಒಂದೇ ಆಗಿರುತ್ತಿತ್ತು. ಇನ್ನೊಂದು ನನ್ನೊಳಗೇ ಇತ್ತು, ಅದು ಯಾರಿಗೂ ಗೊತ್ತಾಗುವ ದಾರಿಯೇ ಇರಲಿಲ್ಲ. ಆದರೆ ಎದುರಿಗೆ ಕೂತವಳ ಮುಖ ನೋಡಿ ಮುಚ್ಚಿಟ್ಟುಕೊಳ್ಳಲು ಆಗಲಿಲ್ಲ.

"ನಂಬಿರ್ಲಿಲ್ಲ" ಎಂದೆ.

ಆ ಕಾಯಿ ತಿಂದ ಮರುದಿನ ಬೆಳಿಗ್ಗೆ ನಾನು ಹಾಲು ತೆಗೆದುಕೊಂಡು ಆಸ್ಪತ್ರೆಗೆ ಹೋದಾಗ ಅತ್ತೆ ನನ್ನನ್ನು ಹತ್ತಿರ ಕರೆದಿದ್ದರು. ಅವಳು ತಂದದ್ದು ಪೇಟೆ ಕಾಯಿ, ಐವತ್ತು ವರ್ಷ ತಿಂದ ನಾಲಿಗೆಗೆ ಗೊತ್ತಾಗಲ್ವಾ, ಎಂದಿದ್ದರು. ಪಾಪ, ಅವಳಿಗೆ ಬೀಜ ಬಂದಿಲ್ಲ, ನನಗೆ ಬೇಜಾರಾಗುತ್ತೆ ಅಂತ ಮುಚ್ಚಿಟ್ಟಿದ್ದಾಳೆ. ನನಗೆ ಗೊತ್ತಾಯಿತು ಅಂತ ಅವಳಿಗೆ ಹೇಳಬೇಡ, ಈ ಸಲದ ಬೀಜ ಬಿಡಿಸಿದ ಮೇಲೆ ನೀನಾಗೇ ಕರೆದು ಕೊಡು, ಎಂದಿದ್ದರು. ನಾನು ಹೂಂ ಎಂದಿದ್ದೆ. ಹನ್ನೊಂದು ದಿನಕ್ಕೆ ಅತ್ತೆ ಹೋದರು. ಬೀಜ ಬಿಡಿಸಿದೆ, ಕೊಡಲಿಲ್ಲ. ಈ ಸಲದ್ದು ಮೊಳೆತರೆ ಹೋದ ಸಲದ್ದು ಯಾಕೆ ಮೊಳೆಯಲಿಲ್ಲ ಎಂಬ ಮಾತು ಬರುತ್ತದಲ್ಲ. ಸಾಯುವವರಿಗೆ ಕೊಟ್ಟ ಮಾತನ್ನು ಎಂಟು ವರ್ಷ ಡಬ್ಬಿಯಲ್ಲಿಟ್ಟುಕೊಂಡು ಕೂತೆ. ಇದೆಲ್ಲವನ್ನೂ ಅವಳಿಗೆ ಹೇಳಿದೆ.

ಅವಳು ಇನ್ನೊಮ್ಮೆ ಹೇಳಿ ಎಂದಳು. ಅಮ್ಮ ಹೇಳಿದ್ದನ್ನು ಮಾತ್ರ, ಒಂದು ಶಬ್ದವೂ ಬಿಡದೆ. ಹೇಳಿದೆ. ಮತ್ತೊಮ್ಮೆ ಎಂದಳು. ಮೂರನೇ ಸಲ ಹೇಳುವಾಗ ಅರ್ಧಕ್ಕೆ ನಿಲ್ಲಿಸಿಬಿಟ್ಟೆ. ಅವಳು ಎದ್ದು, ಅಂಟು ಹಾಕಿದ ನಿಘಂಟನ್ನು ಎರಡು ಹಲಗೆಗಳ ನಡುವೆ ಇಟ್ಟು, ತಿರುಪು ಬಿಗಿ ಮಾಡಿದಳು.

"ಬೀಜ ಅಲ್ಲೇ ಇರ್ಲಿ. ನಾನಾಗಿ ಕರೆಯೋವರೆಗೂ ನೀವೂ ಬರ್ಬೇಡಿ, ನಾನೂ ಬರಲ್ಲ."

ಸರಿ ಎಂದು ಎದ್ದೆ. ಬಸ್ಸಿನಲ್ಲಿ ಕಂಡಕ್ಟರ್ ಎರಡು ಸಲ ಟಿಕೆಟ್ ಕೇಳಿದರೂ ನನಗೆ ಕೇಳಿಸಲಿಲ್ಲ.

ಭಾನುವಾರ ಬಂತು, ಹೋಯಿತು. ನಮ್ಮವರಿಗೆ ಎಲ್ಲವನ್ನೂ ಹೇಳಿದೆ. ಅವರು ತಾವೇ ಎದ್ದು ಚಹಾ ಮಾಡಿ ತಂದರು. ನೀರು ನೀರಾಗಿತ್ತು, ಆದರೂ ಕುಡಿದೆ. ಸೋಮವಾರ ಗಾರೆಯವನು ಬಂದನೋ ಇಲ್ಲವೋ ಎಂದು ಕೇಳುವ ಮುಖ ನನಗಿರಲಿಲ್ಲ, ಅವರೂ ಹೇಳಲಿಲ್ಲ. ಎರಡನೇ ಭಾನುವಾರವೂ ಹಾಗೇ ಹೋಯಿತು. ಒಬ್ಬಳ ರವಿಕೆಯ ತೋಳನ್ನು ಎಡಬಲ ಮಾಡಿ ಹೊಲಿದುಬಿಟ್ಟೆ, ಅವಳು ಬೈದರೆ ಎದುರು ಮಾತಾಡಲಿಲ್ಲ. ಇವಳಿಗೆ ಮೈ ಸರಿಯಿಲ್ಲವೇನೋ ಎಂದು ಅವಳೇ ಹೆದರಿಕೊಂಡು ಹೋದಳು.

ಅದಾದ ಗುರುವಾರ ಫೋನ್ ಬಂತು.

"ಹನ್ನೆರಡರಲ್ಲಿ ಹನ್ನೊಂದು ಎದ್ದಿವೆ, ಮನೆ ಮುಂದಿನ ಮಣ್ಣಲ್ಲೇ" ಎಂದಳು.

ಫೋನನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, ಯಂತ್ರದ ಮುಂದೆ ಹಾಗೇ ನಿಂತೆ. ಎರಡೆಲೆ ಬಿಡಿಸಿಕೊಂಡಿವೆ, ಒಂದರ ತಲೆಯ ಮೇಲೆ ಇನ್ನೂ ಬೀಜದ ಸಿಪ್ಪೆ ಇದೆ, ತೆಗೆಯಬೇಕೋ ಬಿಡಬೇಕೋ ಎಂದು ಕೇಳಿದಳು. ಬಿಡು, ತಾನಾಗೇ ಬೀಳುತ್ತೆ, ಎಂದೆ.

ಆಮೇಲೆ ಕೇಳಿದಳು, "ಒಂದು ನಿಜ ಹೇಳಿ ಅತ್ತಿಗೆ. ಅದು ಪೇಟೆ ಕಾಯಿ ಅಂತ ಹೇಳುವಾಗ ಅಮ್ಮ ಅಳ್ತಿದ್ಳಾ?"

"ಇಲ್ಲ. ನಕ್ಕರು. ನನ್ನ ಮಗಳಿಗೆ ಸುಳ್ಳು ಹೇಳೋಕೆ ಬರಲ್ಲ, ಚಿಕ್ಕವಳಿದ್ದಾಗಿನಿಂದ ಕಿವಿ ಕೆಂಪಾಗಿಬಿಡುತ್ತೆ ಅಂತ ನಕ್ಕರು. ಕೆಮ್ಮು ಬರೋವರೆಗೂ ನಕ್ಕರು."

ಆ ಕಡೆಯಿಂದ ಮೂಗು ಒರೆಸಿಕೊಂಡ ಸದ್ದು ಕೇಳಿತು. ಆಮೇಲೆ ಅವಳು, ಬಳ್ಳಿ ಹಬ್ಬಿಸಲು ಎಷ್ಟು ಎತ್ತರದ ಕೋಲು ಬೇಕು ಎಂದು ಕೇಳಿದಳು.