ಔಲಿಸ್ ಹೈಕೋಲನ ಕಣ್ಣು

ರಾಘವನಿಗೆ ಆ ಫಿನ್ಲೆಂಡಿನ ನಟನ ಮುಖ ನೋಡಿ ನೋಡಿ ಸಾಕಾಗಿತ್ತು. ಜಪಾನಿನ ಕೋಬೆ ಬಂದರಿನ ಹಳೆಯ ನಾವಿಕರ ಕ್ಲಬ್ಬಿನ ಉಗ್ರಾಣದಲ್ಲಿ 1957ರ ಚಿತ್ರವೊಂದರ ಪ್ರತಿ ಸಿಕ್ಕಿತ್ತು. ಜಗತ್ತಿನಲ್ಲಿ ಉಳಿದದ್ದು ಅದೊಂದೇ. ಅದನ್ನು ಕಂಪ್ಯೂಟರಿಗೆ ಇಳಿಸಿ, ಧೂಳು, ಗೀರು ತೆಗೆದು ಚೊಕ್ಕ ಮಾಡುವುದು ಅವನ ಕೆಲಸ. ಮೈಸೂರು ಬಿಟ್ಟು ಹದಿನೆಂಟು ವರ್ಷ ಇಂಥದೇ ಚಾಕರಿ ಮಾಡಿ ಅವನ ಹುರುಪೆಲ್ಲ ಇಳಿದುಹೋಗಿತ್ತು.

ಆ ನಟ ಔಲಿಸ್ ಹೈಕೋಲನದೂ ಹೇಳಿಕೊಳ್ಳುವಂಥ ಬದುಕಲ್ಲ. ಹದಿನೆಂಟು ಚಿತ್ರಗಳಲ್ಲಿ ಅಂಚೆಯವನೋ, ನಾಯಕನ ಭಾವನೋ ಆಗಿ ಬಂದು, ಟೋಪಿ ತೆಗೆದು, ಎರಡು ಮಾತಾಡಿ ಹೊರಟುಹೋದವನು. ಹತ್ತೊಂಬತ್ತನೆಯದಾದ ಇದರಲ್ಲಿ ನಾಯಕ. ಆಮೇಲೆ ಚಿತ್ರವೇ ಇಲ್ಲ; ಊರ ಟಾಕೀಸಿನಲ್ಲಿ ಟಿಕೆಟ್ ಹರಿಯುತ್ತ ಮುದುಕನಾದ. ಯಾಕೆ ಬಿಟ್ಟಿರಿ ಎಂದು ಕೇಳಿದಾಗಲೆಲ್ಲ ಅಪ್ಪ 'ಕೆಟ್ಟದಾಗಿ ನಟಿಸಿದೆ' ಎನ್ನುತ್ತಿದ್ದರೆಂದು ಅವನ ಮಗಳು ಮಿರ್ಯಾ ಪತ್ರ ಬರೆದಿದ್ದರು. ಎಷ್ಟು ಕೆಟ್ಟದಾಗಿ ಎಂದು ಸಾಯುವ ಮೊದಲು ಒಮ್ಮೆ ನೋಡಬೇಕು, ಭಾನುವಾರದ ಪ್ರದರ್ಶನಕ್ಕೆ ಬರುತ್ತೇನೆ ಎಂದಿದ್ದರು.

ಕೆಟ್ಟದಾಗಿಯೇ ಇತ್ತು. ಕೊನೆಯ ದೃಶ್ಯದಲ್ಲಿ ಹೆಂಡತಿಯ ಗೋರಿಯ ಮುಂದೆ ನಿಂತ ಪುಣ್ಯಾತ್ಮ ಪಟಪಟನೆ ಕಣ್ಣು ಮಿಟುಕಿಸುತ್ತಲೇ ಇದ್ದ. ಪ್ರದರ್ಶನದ ಕರಪತ್ರ ಬರೆಯುವುದೂ ರಾಘವನ ತಲೆಗೇ ಬಿದ್ದಿತ್ತು. ಅವನು ಮುಲಾಜಿಲ್ಲದೆ ಆ ಕಣ್ಣು ಮಿಟುಕಿಸುವುದನ್ನೂ ಬರೆದು ಅಚ್ಚಿಗೆ ಕೊಟ್ಟ.

ಮಂಗಳವಾರ ಕೊನೆಯ ತಪಾಸಣೆ. ಅಲ್ಲಿಯ ಪದ್ಧತಿಯಂತೆ ಹಿರಿಯರಾದ ಮೊರಿತಾ-ಸಾನ್ ಮೂಲ ಪ್ರತಿಯನ್ನೂ ಚೊಕ್ಕ ಮಾಡಿದ್ದನ್ನೂ ಅಕ್ಕಪಕ್ಕ ಓಡಿಸಿ, ಪ್ರತಿ ದೃಶ್ಯಕ್ಕೂ ಬೆರಳು ತೋರಿಸಿ 'ಯೋಶಿ', ಸರಿಯಿದೆ, ಎಂದು ಗಟ್ಟಿಯಾಗಿ ಹೇಳಬೇಕು. ಕೊನೆಯ ದೃಶ್ಯಕ್ಕೆ ಚಾಚಿದ ಬೆರಳು ಹಾಗೆಯೇ ಉಳಿಯಿತು. ಮೂಲದಲ್ಲಿ ಹಿಮ ಸುರಿಯುತ್ತಿತ್ತು. ಚೊಕ್ಕ ಮಾಡಿದ್ದರಲ್ಲಿ ಒಂದು ಚೂರೂ ಇರಲಿಲ್ಲ. ಅಷ್ಟು ಧೂಳು ಹಿಡಿದ ಪ್ರತಿಯನ್ನು ಯಾರು ನೋಡುತ್ತಾರೆಂದು ರಾಘವ ಮೂಲವನ್ನು ನೋಡದೆಯೇ ಯಂತ್ರಕ್ಕೆ ಹಾಕಿದ್ದ.

ನಾಚಿಕೆಯಿಂದ ಅವನ ಕಿವಿ ಬಿಸಿಯಾಯಿತು. ಧೂಳು ತೆಗೆಯುವ ಕಂಪ್ಯೂಟರ್ ಪ್ರೋಗ್ರಾಮು ಬರೆದ ಧೀರಜ್‌ಗೆ ಫುಕುವೋಕಾಕ್ಕೆ ಫೋನು ಮಾಡಿದ.

"ಸಾರ್, ಸ್ನೋ ಯಾವ್ದು ಡಸ್ಟ್ ಯಾವ್ದು ಅಂತ ಅದಕ್ಕೇನ್ ಗೊತ್ತು? ಫುಲ್ ಕ್ಲೀನ್ ಇಡು ಅಂದಿದ್ದು ನೀವೇ ಅಲ್ವಾ?"

ನಿಜವೇ. ಆ ಮೂರು ನಿಮಿಷದ ಹಿಮವನ್ನು ರಾಘವ ನಾಲ್ಕು ದಿನ ಕೂತು ಕೈಯಾರೆ ಹಿಂದಕ್ಕೆ ತಂದ. 'ಕ್ಷಮಿಸಿ, ನಟನ ಕಣ್ಣಿಗೆ ಹಿಮ ಬೀಳುತ್ತಿತ್ತು' ಎಂಬ ಚೀಟಿಯನ್ನು ಮೊರಿತಾ-ಸಾನ್ ಜೊತೆ ಕೂತು ಒಂದೊಂದೇ ಕರಪತ್ರಕ್ಕೆ ಅಂಟಿಸಿದ.

ಭಾನುವಾರ ಮಧ್ಯಾಹ್ನ ಚಿತ್ರ ಮುಗಿದು, ಜನರೆಲ್ಲ ಎದ್ದು ಹೋದರೂ ಮಿರ್ಯಾ ಕುರ್ಚಿ ಬಿಟ್ಟು ಏಳಲಿಲ್ಲ. ಎಪ್ಪತ್ತು ದಾಟಿದ ಹೆಂಗಸು, ಕೈಯಲ್ಲಿ ಊರುಗೋಲು. ರಾಘವ ಹತ್ತಿರ ಹೋಗಿ ಕೂತು ತನ್ನ ತಪ್ಪನ್ನೆಲ್ಲ ಒಪ್ಪಿಕೊಂಡ. ಆಕೆ ಚೀಟಿಯ ಮೇಲೆ ಬೆರಳಿಟ್ಟು, ಇದೂ ತಪ್ಪು, ಅದು ಹಿಮವಲ್ಲ ಎಂದರು.

ಜುಲೈ ತಿಂಗಳಂತೆ. ಆರು ವರ್ಷದ ಮಗಳನ್ನು ಅಪ್ಪ ಸ್ಟುಡಿಯೋಗೆ ಕರೆದೊಯ್ದಿದ್ದ. ಏಣಿ ಹತ್ತಿದವರು ಫ್ಯಾನಿನ ಮುಂದೆ ಬಿಳಿಯದೇನನ್ನೋ ಎರಚುತ್ತಿದ್ದರು. ನೆಲದಿಂದ ಬೆರಳಲ್ಲಿ ತೆಗೆದು ಬಾಯಿಗಿಟ್ಟುಕೊಂಡರೆ ಉಪ್ಪು. ಆ ವರ್ಷದಿಂದಲೇ ಅಪ್ಪನಿಗೆ ಜೋರು ಬೆಳಕು ಆಗುತ್ತಿರಲಿಲ್ಲ. ಸಾಯುವವರೆಗೂ ಕಣ್ಣಿಗೆ ಔಷಧ ಬಿಟ್ಟುಕೊಳ್ಳುತ್ತಿದ್ದ. ಎರಡನ್ನೂ ಸೇರಿಸಿ ನೋಡುವುದು ಆಕೆಗೆ ಇವತ್ತಿನವರೆಗೂ ಹೊಳೆದಿರಲಿಲ್ಲ.

"ಅಪ್ಪ ಕಣ್ಣು ಮುಚ್ಚಿಕೊಳ್ಳಬಹುದಿತ್ತು," ಎಂದರು ಮಿರ್ಯಾ. "ಪ್ರತಿ ಸಲವೂ ಮತ್ತೆ ತೆರೆದರು."

ಆಮೇಲೆ, ಕೊನೆಯ ದೃಶ್ಯ ಇನ್ನೊಂದು ಸಲ ಹಾಕುತ್ತೀರಾ ಎಂದು ಕೇಳಿದರು. ರಾಘವ ಸೊಂಟ ಹಿಡಿದುಕೊಂಡು ಎದ್ದು, ಪ್ರೊಜೆಕ್ಟರ್ ಕೋಣೆಯ ಮೆಟ್ಟಿಲು ಹತ್ತಿದ.